ಮಾರನೆಯ ದಿನ

ಮೇಷ್ಟ್ರೇ,

ಇವತ್ತು ಶಾಂತಿಪಾಲನಾ ಪಡೆಗೆ ಹೊರಟ ಹೊಸಬರಿಗೆ ಪಾಠ ಮಾಡುತ್ತ, ನಮ್ಮ ದುಭಾಷಿಯಾಗಿದ್ದ ನಿಮ್ಮನ್ನು ಹೊಗಳಿದೆ. ನಾವು ಶಿಬಿರ ಖಾಲಿ ಮಾಡುವಾಗ ಗೇಟಿನ ಮುಂದೆ ಸೇರಿದ್ದ ಜನ ನಿಮ್ಮ ಒಂದೇ ಮಾತಿಗೆ ಗಲಾಟೆಯಿಲ್ಲದೆ ಮನೆಗೆ ಹೋದರು ಎಂದೆ.

"ಏನು ಹೇಳಿದ್ರು ಸರ್?" ಎಂದಳು ಒಬ್ಬಳು.

"ನಾಳೆ ವಾಪಸ್ ಬರ್ತೀವಿ ಅಂತ."

ಜನರಿಗೆ ಅದನ್ನು ಹೇಳುವ ಮೊದಲು ನೀವು ನನ್ನನ್ನು ಕೇಳಿದ್ದನ್ನು ಮಾತ್ರ ನುಂಗಿಕೊಂಡೆ: "ನಿಜ ತಾನೇ ಸಾಹೇಬ್ರೇ? ಇವರು ನಂಬೋದು ನಿಮ್ಮನ್ನಲ್ಲ, ನನ್ನನ್ನ." ಬರುವುದಿಲ್ಲವೆಂದು ಗೊತ್ತಿದ್ದೂ ಹೂಂ ಎಂದಿದ್ದೆ. ಬಂಡುಕೋರರಿಗೆ ಹೆದರಿ ಓಡಿಹೋಗಲು ಗಂಟು ಕಟ್ಟಿದ್ದವರು ಗಂಟು ಬಿಚ್ಚಿದರು. ನೀವೂ ಅವರ ಜೊತೆಯೇ ಉಳಿದಿರಿ.

ಅವಳು ಬಿಡಲಿಲ್ಲ. "ಮಾರನೇ ದಿನ ಎಷ್ಟು ಹೊತ್ತಿಗೆ ಹೋದ್ರಿ ಸರ್?"

ನಾನು ತಿರುಗಿ ಬೋರ್ಡ್ ಒರೆಸತೊಡಗಿದೆ. ಅದರ ಮೇಲೆ ಏನನ್ನೂ ಬರೆದಿರಲಿಲ್ಲ.