ಬಟ್ಟಲಿನ ಬಿಳಿಯ ಕಲೆ

ನವೆಂಬರ್ ೧೪, ಗುರುವಾರ

ತಪ್ಪು ನನ್ನದೇ. ಮಡದಿಯ ಶ್ವಾಸಕೋಶವನ್ನು ಹೊಕ್ಕ ಸೂಕ್ಷ್ಮಾಣು ನಲ್ಲಿಯ ನೀರಿನದೆಂದು ಇಂದು ವರದಿ ಬಂದಿತು. ಗಟ್ಟಿಮುಟ್ಟಾದವರಿಗೆ ಅದು ಅಂಟುವುದೇ ಅಪರೂಪವಂತೆ. ಕೀಲುನೋವಿನ ಮದ್ದು ಇವಳ ಮೈಯ ಕಾವಲನ್ನು ಕುಗ್ಗಿಸಿತ್ತು.

ಮೊಮ್ಮಗಳ ವಯಸ್ಸಿನ ವೈದ್ಯೆ ಕೇಳಿದಳು: “ನೆಬ್ಯುಲೈಸರ್ ಕಪ್ ಕುದಿಸ್ತಿದ್ರಾ, ತಾತ?”

“ಉಬ್ಬಸಕ್ಕೆಂದು ಅವಳು ಮದ್ದಿನ ಹಬೆ ಎಳೆದುಕೊಳ್ಳುವ ಆ ಬಟ್ಟಲನ್ನು ದಿನವೂ ಹತ್ತು ನಿಮಿಷ ಕುದಿಸಿ, ಆಮೇಲೆ ನಲ್ಲಿಯಲ್ಲಿ ತೊಳೆಯುತ್ತಿದ್ದೆ.”

“ಅಯ್ಯೋ, ಕುದಿಸಿದ್ಮೇಲೆ ಮತ್ಯಾಕೆ ತೊಳೆದ್ರಿ?”

“ಬಿಳಿಯ ಕಲೆ ಉಳಿಯುತ್ತಿತ್ತು.”

ಅವಳು ಬೈಯಲಿಲ್ಲ, ಬೈದಿದ್ದರೆ ಹಗುರವಾಗುತ್ತಿತ್ತು. ಲೋಟದ ಅಂಚಿನ ಕಲೆಗಾಗಿ ನಲವತ್ತಾರು ವರ್ಷ ಮಡದಿಯನ್ನು ಬೈದವನು ನಾನು.

ಮಡದಿಯ ಹಾಸಿಗೆಯ ಬಳಿ ಕುಳಿತು ಎಲ್ಲವನ್ನೂ ಒಪ್ಪಿಕೊಂಡೆ. ಏದುಸಿರಿನ ನಡುವೆ ಅವಳೆಂದಳು: “ಹೋಗ್ಲಿ ಬಿಡಿ. ಕಲೆಯಾದ್ರೂ ಹೋಯ್ತಲ್ಲ!” ನಕ್ಕಳು. ನಗು ಕೆಮ್ಮಾಗಿ, ದಾದಿ ಓಡಿಬರಬೇಕಾಯಿತು.

ಜ್ವರ ಇಳಿದಿಲ್ಲ. ಹೊಸ ಔಷಧ ಹಿಡಿಯುವುದೋ ಇಲ್ಲವೋ ಎಂಬುದಕ್ಕೆ ಇನ್ನೂ ಮೂರು ದಿನ ಕಾಯಬೇಕು.

ಅವಳು ಮನೆಗೆ ಬರುವ ದಿನಕ್ಕೆಂದು ಹೊಸ ಬಟ್ಟಲನ್ನು ತಂದು, ಕುದಿಸಿ, ಆರಲು ಇಟ್ಟಿದ್ದೇನೆ. ತಳದಲ್ಲಿ ಆಗಲೇ ಬಿಳಿಯ ಬಳೆ ಮೂಡಿದೆ. ಎರಡು ಬಾರಿ ನಲ್ಲಿಯವರೆಗೂ ಹೋಗಿ ಹಿಂದಿರುಗಿದೆ.

ಇರಲಿ. ಅದು ಹಾಗೆಯೇ ಇರಲಿ.