ಮಂತ್ರಿಗಳ ಮೊಳೆ

ರಾಯಭಾರ ಕಚೇರಿ
ಬುಧವಾರ, ಮಧ್ಯಾಹ್ನದ ಊಟವಾದ ಮೇಲೆ

ನನ್ನ ಸಿಡುಕಿ ಮಗಳಿಗೆ, ಅಮ್ಮನ ಪ್ರೀತಿಯ ಆಶೀರ್ವಾದಗಳು.

ಕಳೆದ ಸಲ ಸರ್ಕಾರಿ ಟಪಾಲಿನ ಬ್ಯಾಗಿನಲ್ಲಿ ಬಂದ ನಿನ್ನ ಪತ್ರದಲ್ಲಿ ಎರಡೇ ಸಾಲಿತ್ತು. ಹೆರಿಗೆಗೆ ಬರ್ತೀಯೋ ಇಲ್ವೋ ಅಷ್ಟು ಹೇಳು, ಕಥೆ ಬೇಡ ಅಂತ. ತುಂಬು ಬಸುರಿಗೆ ಸಿಟ್ಟು ಬರಬಾರದು ಅಂತ ಯಾವ ಕಾನೂನೂ ಇಲ್ಲ, ಬೈಯಮ್ಮ. ಆದರೆ ಕಥೆ ಬಿಟ್ಟು ಉತ್ತರ ಕೊಡುವುದು ನನಗೆ ಬರುವುದಿಲ್ಲ. ಇವಳ ಹತ್ತಿರ ಉಪ್ಪು ಕೇಳಿದ್ರೆ ಸಮುದ್ರದ ಪುರಾಣ ಹೇಳ್ತಾಳೆ ಅಂತ ನಿಮ್ಮಪ್ಪ ಸುಮ್ಮನೆ ಹೇಳುವುದಿಲ್ಲ.

ಫೋನು ಯಾಕೆ ಮಾಡುವುದಿಲ್ಲ ಅಂತ ಕೇಳುತ್ತೀಯ. ಇಲ್ಲಿ ಫೋನೆತ್ತಿದರೆ ಮೂರನೆಯವರೊಬ್ಬರು ಉಸಿರಾಡುವುದು ಕೇಳಿಸುತ್ತದೆ. ನಿನ್ನ ಬಸಿರಿನ ಸಂಕಟವನ್ನೆಲ್ಲ ಆ ಪುಣ್ಯಾತ್ಮನ ಕಿವಿಗೆ ಹಾಕಲು ನನಗೆ ಮನಸ್ಸಿಲ್ಲ. ಪಾಪ, ಈಚೆಗೆ ಅವನಿಗೆ ನೆಗಡಿ ಬೇರೆ.

ನಮ್ಮ ದೇಶ, ಈ ದೇಶ ಮಾತು ಬಿಟ್ಟಮೇಲೆ ಇಲ್ಲಿಂದ ಮೊದಲು ಪೆಟ್ಟಿಗೆ ಕಟ್ಟಿದವರು ರಾಯಭಾರಿಗಳು. ಅವರ ಹಿಂದೆಯೇ ಕಾರ್ಯದರ್ಶಿ, ಅಡುಗೆಯವನು, ಡ್ರೈವರು ಎಲ್ಲರೂ ಹೋದರು. ಟೈಪಿಸ್ಟಾಗಿ ಸೇರಿ ಮೇಲ್ವಿಚಾರಕಿಯಾದ ನಾನು ಉಳಿದೆ. ಒಬ್ಬರಾದರೂ ಇರಲೇಬೇಕಂತೆ. ಕೊನೆಯ ನೌಕರರು ಬಾವುಟ ಇಳಿಸಿ ಬಾಗಿಲಿಗೆ ಬೀಗ ಹಾಕಿದರೆ, ಸಂಬಂಧ ಪೂರ್ತಿ ಕಡಿದುಕೊಂಡ ಹಾಗೆ. ಹಾಗಾಗಿ ನಾನು ಮನೆಗೆ ಬರುವುದು ರಜೆಯ ವಿಷಯವಲ್ಲ, ದೇಶದ ನೀತಿಯ ವಿಷಯ! ಅದಕ್ಕೆ ವಿದೇಶಾಂಗ ಮಂತ್ರಿಯೇ ಸಹಿ ಹಾಕಬೇಕು. ಸಹಿಯ ಕಾಗದ ತೋರಿಸದಿದ್ದರೆ ಇಲ್ಲಿಯವರು ಗಡಿ ದಾಟಲು ಬಿಡುವುದಿಲ್ಲ.

ಆ ಮಂತ್ರಿಗಳೋ, ಸಂತೆಗೆ ಬಂದವರ ಹಾಗೆ ಬರುತ್ತಾರೆ, ಹೋಗುತ್ತಾರೆ. ನನ್ನ ಅರ್ಜಿಗೆ ಉತ್ತರ ಬರದಿದ್ದರೂ ಹೊಸ ಮಂತ್ರಿಯ ಫೋಟೋ ಮಾತ್ರ ತಪ್ಪದೆ ಬರುತ್ತದೆ. ಸೀಲು ಹಾಕಿದ ಕ್ಯಾನ್ವಾಸ್ ಬ್ಯಾಗಿನಲ್ಲಿ, ಕಟ್ಟು ಗಾಜು ಸಮೇತ. ಬಂದ ದಿನವೇ ಮುಂಬಾಗಿಲಿನ ಎದುರು ಗೋಡೆಯಿಂದ ಹಳೆಯವರನ್ನು ಇಳಿಸಿ, ಅದೇ ಮೊಳೆಗೆ ಹೊಸಬರನ್ನು ಹಾಕಿ, ‘ಫೋಟೋ ತೂಗುಹಾಕಲಾಗಿದೆ’ ಅಂತ ಬರೆದು ಸಹಿ ಮಾಡಿ ಕಳಿಸಬೇಕು. ಅದೊಂದಕ್ಕೆ ತಡವಾದರೆ ಮೇಲಿಂದ ಜ್ಞಾಪನಾ ಪತ್ರ ಬರುತ್ತದೆ.

ಮೊದಲು ಬಂದದ್ದು ಗಡ್ಡದ ಮಂತ್ರಿ. ನನ್ನ ಅರ್ಜಿಯ ಮೇಲೆ ‘ಚರ್ಚಿಸಿ’ ಅಂತ ಬರೆದರು. ಯಾರು, ಯಾರ ಜೊತೆ ಚರ್ಚಿಸಬೇಕು ಅಂತ ಬರೆಯುವ ಮೊದಲೇ ಅವರ ಸರ್ಕಾರ ಬಿತ್ತು. ಆಮೇಲೆ ಬಂದ ವಕೀಲ ಮಂತ್ರಿಯ ಫೋಟೋ ಎಷ್ಟು ದೊಡ್ಡದೆಂದರೆ, ಪಕ್ಕದಲ್ಲಿದ್ದ ಲೈಟಿನ ಸ್ವಿಚ್ಚೇ ಮುಚ್ಚಿಹೋಯಿತು. ಅವರಿದ್ದಷ್ಟು ದಿನ ಕತ್ತಲಾದರೆ ಅವರ ಕಿವಿಯ ಹಿಂದೆ ಕೈಹಾಕಿ ದೀಪ ಹಾಕುತ್ತಿದ್ದೆ. ಅಷ್ಟು ಸಲಿಗೆಯಿದ್ದರೂ ನನ್ನ ಅರ್ಜಿಗೆ ಅವರು ಜಪ್ಪಯ್ಯ ಅನ್ನಲಿಲ್ಲ. ಅವರ ನಂತರ ಬಂದವರು ನಮ್ಮ ಟೀಚರಮ್ಮ. ಹಿಂದೆ ಶಾಲೆಯಲ್ಲಿ ಪಾಠ ಹೇಳುತ್ತಿದ್ದವರಂತೆ. ಫೋಟೋದಲ್ಲೂ ಹೋಂವರ್ಕ್ ಎಲ್ಲಿ ಅಂತ ಕೇಳುವ ಮುಖ. ಆ ತಾಯಿ ನನ್ನ ಅರ್ಜಿ ಪೂರ್ತಿ ಓದಿದರು, ಸಹಿ ಹಾಕಿದರು!

ಹೌದು ಕಣೆ, ಆದೇಶ ಬಂದಿತ್ತು. ನಿನಗೆ ಹೇಳಿರಲಿಲ್ಲ. ಬಂದು ಬಾಗಿಲು ತಟ್ಟಿ ನಿನ್ನನ್ನು ಬೆಚ್ಚಿಬೀಳಿಸೋಣ ಅಂತಿದ್ದೆ. ಪೆಟ್ಟಿಗೆ ತುಂಬಿಯಾಗಿತ್ತು. ಆಮೇಲೆ ಕನ್ನಡಕ ಹಾಕಿಕೊಂಡು ಇನ್ನೊಮ್ಮೆ ಓದಿದೆ, ಅಲ್ಲೇ ಕೆಟ್ಟಿತು. ‘ಕಚೇರಿಯಲ್ಲಿ ತಮ್ಮ ನಂತರದ ಹಿರಿಯ ನೌಕರರಿಗೆ ಅಧಿಕಾರ ವಹಿಸಿಕೊಟ್ಟು ಹೊರಡತಕ್ಕದ್ದು’ ಅಂತಿತ್ತು. ಎಲ್ಲ ವರ್ಗಾವಣೆಗೂ ಹಾಕುವ ಸಾಲು ಅದು. ಯಾರೋ ಹಳೆಯ ಆದೇಶ ಮುಂದಿಟ್ಟುಕೊಂಡು ಹಾಗೆಯೇ ಟೈಪ್ ಮಾಡಿದ್ದಾರೆ. ನನ್ನ ನಂತರ ಇಲ್ಲಿರುವವನು ತೋಟದ ಮುದುಕ ಒಬ್ಬನೇ. ಈ ದೇಶದವನು, ಒಳಗೆ ಕಾಲಿಡುವಂತಿಲ್ಲ. ಅವನಿಗೆ ಹೇಳಿದಾಗ ಬಿದ್ದು ಬಿದ್ದು ನಕ್ಕ. ನನಗೇ ಕೊಡಿ ಅಮ್ಮಾ ಅಧಿಕಾರ, ಕುರ್ಚೀಲಿ ಕೂತು ತೂಕಡಿಸ್ತೀನಿ, ನಿಮ್ಮ ರಾಯಭಾರಿಗಳೂ ಅದನ್ನೇ ಮಾಡ್ತಿದ್ರಲ್ಲ ಅಂದ.

ಬೇರೆ ಯಾರಾದರೂ ಆಗಿದ್ದರೆ ಆ ಕಾಗದ ಹಿಡಿದು ಅದೇ ಸಂಜೆ ರೈಲು ಹತ್ತುತ್ತಿದ್ದರು. ನಿನ್ನಮ್ಮ ಏನು ಮಾಡಿದಳು ಗೊತ್ತೇ? ‘ನಂತರದ ನೌಕರರು ಯಾರೂ ಇಲ್ಲವಾದ್ದರಿಂದ ಸ್ಪಷ್ಟೀಕರಣ ನೀಡಬೇಕಾಗಿ ಪ್ರಾರ್ಥನೆ’ ಅಂತ ಬರೆದು ಬ್ಯಾಗಿಗೆ ಹಾಕಿದಳು. ಹಗ್ಗ ಬಿಚ್ಚಿದರೂ ಗೂಟದ ಹತ್ತಿರವೇ ನಿಂತ ಹಸುವಿನ ಹಾಗೆ. ಇಷ್ಟು ವರ್ಷ ಕೇಳಿಯೇ ಹೆಜ್ಜೆ ಇಟ್ಟವಳಿಗೆ, ಕೇಳದೆ ಇಡುವುದು ಹೇಗೆಂದು ಆ ಹೊತ್ತಿಗೆ ತಿಳಿಯಲಿಲ್ಲ.

ಇವತ್ತು ಬ್ಯಾಗು ಬಂತು. ಮೇಲೆಯೇ ಇತ್ತು ಉತ್ತರ. ಟೀಚರಮ್ಮ ರಾಜೀನಾಮೆ ಕೊಟ್ಟಿದ್ದಾರೆ. ನನ್ನ ವಿಷಯವನ್ನು ನೂತನ ಮಂತ್ರಿಗಳ ಮುಂದೆ ಇಡಲಾಗುವುದು, ಅಲ್ಲಿಯವರೆಗೆ ಹಿಂದಿನ ಆದೇಶವನ್ನು ಜಾರಿಗೊಳಿಸತಕ್ಕದ್ದಲ್ಲ. ಅದರ ಕೆಳಗೆ ನೂತನ ಮಂತ್ರಿಗಳು, ಹಳೇ ಪೇಪರುಗಳ ಹಾಸಿಗೆಯಲ್ಲಿ ನಗುತ್ತಾ ಮಲಗಿದ್ದರು. ಹಲ್ಲು ಚೆನ್ನಾಗಿವೆ. ಎತ್ತಿ ಗೋಡೆಗೆ ಒರಗಿಸಿದ್ದೇನೆ, ತೂಗುಹಾಕಲು ಇನ್ನೂ ಕೈ ಬಂದಿಲ್ಲ.

ನಿನ್ನ ಪ್ರಶ್ನೆಗೆ ಉತ್ತರ ಇಷ್ಟೇ ಮಗಳೇ. ನಾನು ಬರುವುದಿಲ್ಲ.

ಬರೆದು ಎದ್ದು ಹೋಗಿ ಮುಖ ತೊಳೆದುಕೊಂಡು ಬಂದೆ. ನನ್ನ ಬಗ್ಗೆ ಚಿಂತೆ ಬೇಡ. ಹೊತ್ತುಹೊತ್ತಿಗೆ ಊಟ ಮಾಡುತ್ತೇನೆ. ಸಂಜೆ ಅಂಚೆ ಕಚೇರಿಯ ತಿರುವಿನವರೆಗೆ ಹೋಗಿಬರುತ್ತೇನೆ, ಅದಕ್ಕಿಂತ ಆಚೆಗೆ ಅನುಮತಿ ಇಲ್ಲ. ಹಿಂದೆ ಇಬ್ಬರು ಗಂಡಸರು ನಡೆದು ಬರುತ್ತಾರೆ. ತರಕಾರಿ ಚೀಲ ಭಾರವಾದರೆ ನಿಂತು ಬಿಡುತ್ತೇನೆ, ಅವರಲ್ಲಿ ಗಿಡ್ಡನೆಯವನು ಬಂದು ಎತ್ತಿಕೊಳ್ಳುತ್ತಾನೆ. ಒಳ್ಳೆ ಹುಡುಗ. ಇಷ್ಟು ದೊಡ್ಡ ಕಟ್ಟಡದಲ್ಲಿ ಒಬ್ಬಳೇ ಹೇಗಿರ್ತೀಯ ಅಂತ ನಿಮ್ಮಪ್ಪ ಕೇಳಿದ್ದರು. ಮಂತ್ರಿಗಳ ಜೊತೆ ಮಾತಾಡ್ತೀನಿ ಅಂತ ಬರೆದಿದ್ದೆ, ತಮಾಷೆ ಅಂದುಕೊಂಡರು. ತಮಾಷೆಯಲ್ಲ. ಟೀಚರಮ್ಮನ ಎದುರು ನಿಂತು ನಿನ್ನ ಬಸಿರಿನ ಸುದ್ದಿ ಮೊದಲು ಹೇಳಿದಾಗ ಜೋರಾಗಿ ಅತ್ತುಬಿಟ್ಟಿದ್ದೆ. ಈ ಮನೆಯಲ್ಲಿ ನನಗೆ ಉಸಿರು ಕಟ್ಟುತ್ತಿದೆ ಕಣೆ. ಇಷ್ಟನ್ನು ಅಪ್ಪನಿಗೆ ಓದಿ ಹೇಳಬೇಡ.

ನೋವು ಶುರುವಾದರೆ ಅಪ್ಪನ ಮೇಲೆ ಏನನ್ನೂ ಬಿಡಬೇಡ. ನೀನು ಹುಟ್ಟುವಾಗ ಗಾಬರಿಯಲ್ಲಿ ನನ್ನನ್ನು ಮನೆಯಲ್ಲೇ ಬಿಟ್ಟು ಬಟ್ಟೆಯ ಪೆಟ್ಟಿಗೆಯನ್ನು ಟ್ಯಾಕ್ಸಿ ಹತ್ತಿಸಿ ಆಸ್ಪತ್ರೆಗೆ ಹೋದ ಮಹಾರಾಯರು ಅವರು. ಪಕ್ಕದ ಮನೆಯವರಿಗೆ ಮೊದಲೇ ಹೇಳಿಡು. ಹೆದರಬೇಡ. ಕೂಗಬೇಕು ಅನಿಸಿದರೆ ಕೂಗು, ನಾಚಿಕೆಪಟ್ಟುಕೊಳ್ಳಬೇಡ. ನನ್ನ ಮೇಲಿನ ಸಿಟ್ಟನ್ನೂ ಅದರಲ್ಲೇ ಸೇರಿಸಿ ಕೂಗಿಬಿಡು.

ಎಲ್ಲಿದ್ದರೂ ನಿನ್ನದೇ ಧ್ಯಾನದಲ್ಲಿರುವ,
ನಿನ್ನ ಅಮ್ಮ

ತಾ. ಕ.: ಸಂಜೆಯಾಯಿತು. ಬ್ಯಾಗಿನ ತಳದಲ್ಲಿ ಪೇಪರುಗಳ ಜೊತೆ ಸೇರಿಹೋಗಿದ್ದ ನಿಮ್ಮಪ್ಪನ ಲಕೋಟೆ ಈಗ ಸಿಕ್ಕಿತು. ದಿನ ತುಂಬುವ ಮೊದಲೇ ಆಯಿತಂತೆ, ಹೆಣ್ಣು ಮಗುವಂತೆ, ಇಬ್ಬರೂ ಚೆನ್ನಾಗಿದ್ದೀರಂತೆ. ಈ ಸಲ ಪೆಟ್ಟಿಗೆ ಮರೆತು ಮಗಳನ್ನು ಕರೆದುಕೊಂಡು ಹೋದೆ ಅಂತ ಬರೆದಿದ್ದಾರೆ. ನಾನು ಇಲ್ಲಿ ಕೂತು ಆಗಿಹೋದ ಹೆರಿಗೆಗೆ ಬುದ್ಧಿ ಹೇಳುತ್ತಿದ್ದೆ. ಆದೇಶ ಬಂದ ಸಂಜೆಯೇ ಹೊರಟಿದ್ದರೆ ಆಸ್ಪತ್ರೆಯ ಬಾಗಿಲಲ್ಲಿ ನಾನೂ ಇರುತ್ತಿದ್ದೆ. ಅದನ್ನು ನೀನು ಕ್ಷಮಿಸಿದರೂ ನನಗೆ ಮರೆಯಲಾಗುವುದಿಲ್ಲ.

ಲಕೋಟೆಯಲ್ಲಿ ಮಗುವಿನ ಫೋಟೋ ಇತ್ತು. ಟೀಚರಮ್ಮನ ಕಟ್ಟು ಬಿಚ್ಚಿ, ಅವರ ಕ್ಷಮೆ ಕೇಳಿ, ಗಾಜಿನೊಳಗೆ ಅದನ್ನಿಟ್ಟು ಮೊಳೆಗೆ ಹಾಕಿದ್ದೇನೆ. ನೂತನ ಮಂತ್ರಿಗಳು ಗೋಡೆಗೆ ಮುಖ ಮಾಡಿ ಕೆಳಗೆ ಕೂತಿದ್ದಾರೆ. ‘ಫೋಟೋ ತೂಗುಹಾಕಲಾಗಿದೆ’ ಅಂತ ಬರೆದು ಸಹಿ ಮಾಡಿದೆ. ಯಾರನ್ನೂ ಕೇಳಲಿಲ್ಲ. ಹುಬ್ಬು ಗಂಟುಹಾಕಿ, ಎರಡೂ ಮುಷ್ಟಿ ಬಿಗಿಹಿಡಿದಿದ್ದಾಳೆ, ಸಿಡುಕಿಯ ಮಗಳು. ಇವಳು ಸುಲಭಕ್ಕೆ ರಾಜೀನಾಮೆ ಕೊಡುವವಳ ಹಾಗೆ ಕಾಣುವುದಿಲ್ಲ.