ಅಮ್ಮನ ಪೆಟ್ಟಿಗೆಯಲ್ಲಿ ಹೋದ ಕಾರ್ಡು

ರೊಡೆಲ್,

ವಲಸೆ ಕಚೇರಿಗೆ ಹೋಗುತ್ತಿದ್ದೇನೆ. ನನ್ನ ಕೆನಡಾ ಕಾಯಂ ನಿವಾಸಿ ಕಾರ್ಡನ್ನು ಇನ್ನು ಹುಡುಕಬೇಡ. ಫಿಲಿಪ್ಪೀನ್ಸಿನ ಇಲೊಯಿಲೊಗೆ ಅಮ್ಮನಿಗೆಂದು ಕಳಿಸಿದ ಪೆಟ್ಟಿಗೆಯಲ್ಲಿ ಸಂದು ಉಳಿಯಿತೆಂದು ನೀನು ತುರುಕಿದ ನನ್ನ ಕೋಟಿನ ಜೇಬಿನಲ್ಲಿತ್ತು ಅದು. ಈಗ ಹಡಗಿನಲ್ಲಿದೆ. ಸೆಕೆಯ ಊರಿಗೆ ಕೋಟು ಯಾಕೆ ಎಂದಿದ್ದಕ್ಕೆ, "ಪೆಟ್ಟಿಗೆ ಅರ್ಧ ಖಾಲಿ ಕಳಿಸಿದ್ರೆ ನಿಮ್ಮಮ್ಮ ಬೀದಿಗೆಲ್ಲ ಹೇಳ್ತಾರೆ" ಅಂತ ನೀನು ನಕ್ಕೆ. ಜೇಬು ನೋಡಬಾರದಿತ್ತೇ?

ಹೊಸ ಕಾರ್ಡಿಗೆ ತಿಂಗಳುಗಳೇ ಬೇಕು. ಅದಿಲ್ಲದೆ ಅಮ್ಮನನ್ನು ನೋಡಲು ಹೋದರೆ ಕೆನಡಾಕ್ಕೆ ವಾಪಸು ವಿಮಾನ ಹತ್ತಿಸುವುದಿಲ್ಲ. ತುರ್ತು ಎಂದು ಕೇಳುತ್ತೇನೆ. ಸಿಗುವಷ್ಟರಲ್ಲಿ ಅಮ್ಮ ಇರುವುದಿಲ್ಲ ಎಂದು ನಮಗಿಬ್ಬರಿಗೂ ಗೊತ್ತು.

ಗಂಜಿ ಒಲೆಯ ಮೇಲಿದೆ. ಪಾಪುವಿಗೆ ಶುಂಠಿ ತೆಗೆದು ಕೊಡು.

ಆಸ್ಪತ್ರೆಯಿಂದ ಅಮ್ಮ ಫೋನು ಮಾಡಿದರೆ, ಬರುತ್ತಾಳೆ ಅನ್ನು. ಯಾವತ್ತು ಎಂದು ಕೇಳಿದರೆ ಲೈನು ಸರಿಯಿಲ್ಲ ಎಂದು ಇಟ್ಟುಬಿಡು. ನಿನ್ನೆ ನಾನೂ ಹಾಗೇ ಮಾಡಿದೆ.

ಅರ್ಲೀನ್